ಚಿಪ್ಪು ಬಿತ್ತುವವಳು

ಲೇಮಾಸ್‌ಳನ್ನು ಕಂಡರೆ ನನಗೆ ಹೊಟ್ಟೆ ಉರಿಯುತ್ತದೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಮುಂದಿನದನ್ನು ಕೇಳಿ ಯಾರೂ ನನ್ನನ್ನು ದೊಡ್ಡ ಮನಸ್ಸಿನವಳು ಅಂದುಕೊಳ್ಳುವುದು ಬೇಡ.

ಅವಳ ಮನೆಗೆ ತಗಡಿನ ಸೂರು, ನನ್ನದಕ್ಕೆ ತೆಂಗಿನ ಗರಿ. ಹೊಟ್ಟೆ ಉರಿಯುವುದು ಅದಕ್ಕಲ್ಲ. ಅವಳು ಊರ ಯಜಮಾನ ಕಲ್ಮೆತ್‌ನ ತಮ್ಮನ ಮಗಳು, ನಾನು ಬೂದಿಕೇರಿಯ ರೊನೆಟ್. ಅದಕ್ಕೂ ಅಲ್ಲ. ಅವಳು ಮೊಣಕಾಲು ಮುಳುಗುವಷ್ಟು ನೀರಿನಲ್ಲಿ ನಿಲ್ಲುತ್ತಾಳೆ. ನಾನು ಕೇದಗೆ ಪೊದೆಯ ಹಿಂದೆ ಕುಕ್ಕರುಗಾಲಿನಲ್ಲಿ ಕೂತು ನೋಡುತ್ತೇನೆ. ಅದಕ್ಕೆ.

ಬೂದಿಕೇರಿ ಅನ್ನುವುದು ನಾವಿಟ್ಟ ಹೆಸರಲ್ಲ. ನಮ್ಮ ದ್ವೀಪ ಇಲ್ಲಿಂದ ಉತ್ತರಕ್ಕಿದೆ. ಅಲ್ಲಿ ಬೆಟ್ಟ ಬೆಂಕಿ ಕಾರಿತು. ತೋಟ ಹೂತುಹೋಯಿತು, ನೀರು ಹೂತುಹೋಯಿತು, ಹಂದಿಗಳು ನಿಂತಲ್ಲೇ ಸತ್ತವು. ನನ್ನ ಅಜ್ಜಿಯನ್ನೂ ಅವಳ ಜೊತೆಯವರನ್ನೂ ಸರ್ಕಾರದ ಹಡಗು ಈ ದಡಕ್ಕೆ ತಂದು ಇಳಿಸಿತು. ಆಗ ಅವರ ತಲೆಯ ತುಂಬ ಬೂದಿ ಇತ್ತಂತೆ. ಅಂದಿನ ಯಜಮಾನ ಹಂದಿ, ಚಾಪೆ ಕಾಣಿಕೆ ತೆಗೆದುಕೊಂಡು ಉಪ್ಪುನೀರಿನಲ್ಲಿ ಬೇರು ಬಿಡುವ ಕಾಂಡ್ಲಾ ಕಾಡಿನ ಪಕ್ಕದ ಕೆಸರು ಜಾಗ ಕೊಟ್ಟ. 'ನಮ್ಮ ಹೆಂಗಸರ ಜೊತೆ ನಿಮ್ಮ ಹೆಂಗಸರೂ ಸಮುದ್ರಕ್ಕೆ ಇಳೀಲಿ' ಅಂದ. ಅದಕ್ಕೆ ಪ್ರತಿಯಾಗಿ ವರ್ಷದ ಮೊದಲ ಗೆಡ್ಡೆ ಅವನ ಮನೆಗೆ ಹೊತ್ತೆವು. ಇವತ್ತಿಗೂ ಹೊರುತ್ತಿದ್ದೇವೆ. ನಾನು ಇಲ್ಲೇ ಹುಟ್ಟಿದೆ. ನನ್ನ ಮಗಳು ಇಲ್ಲೇ ಹುಟ್ಟಿದಳು. ಆದರೂ ನಾನು ಅಂಗಡಿಗೆ ಹೋದರೆ ಯಾರಾದರೊಬ್ಬರು, 'ಬೂದಿಯವಳು ಬಂದ್ಲು, ಜಾಗ ಬಿಡ್ರೋ, ಮೈಗೆ ಹತ್ಕೊಂಡೀತು' ಅನ್ನುತ್ತಾರೆ. ನಗುತ್ತಾ ಅನ್ನುತ್ತಾರೆ. ನಾನೂ ನಗುತ್ತೇನೆ. ನಗದಿದ್ದರೆ ಸಕ್ಕರೆ ತೂಗುವುದಿಲ್ಲ.

ಸಮುದ್ರದಲ್ಲಿ ಮಾತ್ರ ಯಾರೂ ಹಾಗೆ ಅನ್ನುತ್ತಿರಲಿಲ್ಲ. ನೀರು ಇಳಿದಾಗ ಎರಡೂ ಕೇರಿಯ ಹೆಂಗಸರು ಒಟ್ಟಿಗೆ ಇಳಿಯುತ್ತಿದ್ದೆವು. ಕಪ್ಪೆಚಿಪ್ಪು ಹುಡುಕುವುದು ಕಣ್ಣಿನಿಂದ ಅಲ್ಲ, ಹಿಮ್ಮಡಿಯಿಂದ. ಮೊಣಕಾಲುದ್ದ ನೀರಿನಲ್ಲಿ ಸಾಲಾಗಿ ನಿಂತು, ಮರಳೊಳಗೆ ಹಿಮ್ಮಡಿ ಊರಿ ತಿರುಗಿಸಬೇಕು. ಚಿಪ್ಪಿನ ಅಂಚು ತಾಗಿದರೆ ಬಗ್ಗಿ ಎತ್ತಬೇಕು. ಹವಳದ ಚೂರು ತಾಗಿದರೆ ರಕ್ತ. ಒಬ್ಬಳು ತುಳಿದರೆ ಇನ್ನೊಬ್ಬಳು ಬುಟ್ಟಿ ಹಿಡಿಯುವಳು. ನನ್ನ ಬುಟ್ಟಿಗೆ ಲೇಮಾಸ್, ಲೇಮಾಸ್‌ಳ ಬುಟ್ಟಿಗೆ ನಾನು. ಗಂಡಂದಿರನ್ನು ಬೈಯುತ್ತ, ಅತ್ತೆಯರನ್ನು ಆಡಿಕೊಳ್ಳುತ್ತ ತುಳಿಯುತ್ತಿದ್ದೆವು. ಬುಟ್ಟಿ ತುಂಬಿದ ಮೇಲೆ ಅವಳು ಮೇಲಿನ ಕೇರಿಗೆ, ನಾನು ಕೆಳಗಿನದಕ್ಕೆ. ಮನೆಗೆ ಕರೆದದ್ದು ಇಲ್ಲ. ಆದರೆ ನೀರಿನಲ್ಲಿ ಅವಳ ಮೊಣಕಾಲೂ ನನ್ನ ಮೊಣಕಾಲೂ ಒಂದೇ ಎತ್ತರಕ್ಕೆ ಒದ್ದೆಯಾಗುತ್ತಿದ್ದವು. ನನಗೆ ಅಷ್ಟು ಸಾಕಾಗಿತ್ತು.

ಆಮೇಲೆ ಫಿಲ್ಮನ್ ಬಂದ.

ನಮ್ಮದು ಚಿಕ್ಕ ದೇಶ. ಬೇಸಾಯ, ಮೀನು, ಕಾಡು, ಪ್ರವಾಸಿಗರು ಎಲ್ಲಕ್ಕೂ ಸೇರಿ ಒಂದೇ ಸಚಿವಾಲಯ. ಮಂತ್ರಿ ಇರುವುದು ರಾಜಧಾನಿಯಲ್ಲಿ. ನಮಗೆ ಸಚಿವಾಲಯ ಅಂದರೆ ಫಿಲ್ಮನ್. ಮನುಷ್ಯ ಒಬ್ಬನೇ, ಟೋಪಿ ನಾಲ್ಕು. ಕಂದು ಟೋಪಿ ಹಾಕಿಕೊಂಡು ಬಂದರೆ ಬೇಸಾಯ. 'ಗುಡ್ಡದ ಮೇಲೆ ಗೆಡ್ಡೆ ಹಾಕಿ' ಅಂದ. ಹಾಕಿದೆವು. ಹಸಿರು ಟೋಪಿಯಲ್ಲಿ ಬಂದು, 'ಗುಡ್ಡದ ಮರ ಕಡಿದವರು ಯಾರು?' ಅಂದ. ಗೆಡ್ಡೆ ಕಿತ್ತೆವು. ನೀಲಿ ಟೋಪಿ ಅಂದರೆ ಮೀನು, ಬಲೆಯ ಕಣ್ಣು ಅಳೆದು ಬೈಯುವವನು. ಹಳದಿ ಟೋಪಿ ಅಂದರೆ ಪ್ರವಾಸೋದ್ಯಮ. ಅವತ್ತು ಬೈಯುವುದಿಲ್ಲ. 'ನಗ್ರಮ್ಮಾ, ಹಲ್ಲು ತೋರ್ಸಿ' ಅನ್ನುತ್ತಾನೆ.

ನನ್ನ ಗಂಡ ಬೊಂಗ್ ಒಮ್ಮೆ ಕೇಳಿದ್ದ. "ಅಲ್ಲ ಸಾರ್, ಹಸಿರು ಟೋಪಿ ಹೇಳಿದ್ದು ನೀಲಿ ಟೋಪಿಗೆ ಗೊತ್ತಿರತ್ತಾ?"

"ಬೇರೆ ಬೇರೆ ವಿಭಾಗ ಕಣಯ್ಯ" ಅಂದ ಫಿಲ್ಮನ್. "ನಿಂಗೆ ಅರ್ಥ ಆಗಲ್ಲ."

ದಡದ ಮೂಲೆಯಾಚೆ ವಿದೇಶದವರ ಹೋಟೆಲು ಎದ್ದಿತು. ದೊಡ್ಡ ಹಡಗಿನಿಂದ ಪ್ರವಾಸಿಗರನ್ನು ತರುವ ದೋಣಿಗಳಿಗೆ ಕಟ್ಟೆ ಬೇಕಾಯಿತು. ಯಂತ್ರ ಬಂತು. ನಾವು ತುಳಿಯುತ್ತಿದ್ದ ಜಾಗದಿಂದಲೇ ಮರಳು ಬಗೆದು ಬಗೆದು ಎತ್ತಿತು. ಸಮುದ್ರ ಹಾಲುಬಣ್ಣಕ್ಕೆ ತಿರುಗಿತು. ಯಂತ್ರ ಹೋದ ಮೇಲೆ ಇಳಿದು ತುಳಿದೆವು. ಹಿಮ್ಮಡಿಗೆ ಏನೂ ತಾಗಲಿಲ್ಲ. ಎಲ್ಲೋ ಅಂಚಿನಲ್ಲಿ ನಾಲ್ಕು ಸಿಕ್ಕಿದರೆ ಅದೇ ಹೆಚ್ಚು.

ಒಂದು ಬೆಳಿಗ್ಗೆ ದಡದಲ್ಲಿ ಕಂಬ ನೆಟ್ಟಿತ್ತು. ಕಂಬಕ್ಕೆ ತಡೆಗರಿ ಕಟ್ಟಿತ್ತು.

ತಡೆಗರಿ ಕಟ್ಟುವ ಅಧಿಕಾರ ಯಜಮಾನನಿಗೆ ಮಾತ್ರ. ಕಟ್ಟಿದ ಮೇಲೆ ಯಾರೂ ದಾಟುವಂತಿಲ್ಲ. ದಾಟಿದರೆ ಹಂದಿ ದಂಡ. ಸಮುದ್ರಕ್ಕೆ ಅದನ್ನು ಕಟ್ಟುವುದು ಯಜಮಾನ ಸತ್ತಾಗ. ಶೋಕ ಮುಗಿಯುವವರೆಗೂ ನೀರು ಮುಟ್ಟುವುದಿಲ್ಲ. ಮುಗಿದ ದಿನ ಗರಿ ಬಿಚ್ಚಿ, ಊರೆಲ್ಲ ಇಳಿದು, ಹಿಡಿದದ್ದನ್ನು ಸುಟ್ಟು ತಿನ್ನುತ್ತದೆ. ನಮಗೆ ಗೊತ್ತಿದ್ದದ್ದು ಅದೊಂದೇ ಅರ್ಥ. ನನ್ನ ಅತ್ತೆ ಗರಿ ನೋಡಿದವಳೇ ಎದೆ ಬಡಿದುಕೊಂಡಳು. "ಅಯ್ಯೋ, ಯಜಮಾನ್ರು ಹೋಗ್ಬಿಟ್ರಲ್ಲೇ!"

ಬೂದಿಕೇರಿ ಪೂರ್ತಿ ಎದ್ದಿತು. ಸಾವಿನ ಮನೆಗೆ ಬರಿಗೈಯಲ್ಲಿ ಹೋಗುವುದು ಹೇಗೆ? ಮಗಳ ಮದುವೆಗೆಂದು ನೇಯ್ದಿಟ್ಟ ಚಾಪೆಯನ್ನೇ ಹೊತ್ತೆ. ಗಂಡಸರು ಗೆಡ್ಡೆ ಹೊತ್ತರು. ಹೆಂಗಸರು ಕೂದಲು ಕೆದರಿಕೊಂಡು, ಸತ್ತವನ ಗುಣ ಹಾಡುತ್ತ, ಅಳುತ್ತ ಏರು ಹತ್ತಿದೆವು. ಯಜಮಾನನ ಅಂಗಳದಲ್ಲಿ ಬಿದ್ದು ಹೊರಳಿದೆವು. ನಾನೂ ಹೊರಳಿದೆ. ನಿಜವಾಗಿಯೂ ಅತ್ತುಬಿಟ್ಟೆ. ಎಷ್ಟಾದರೂ ನಮಗೆ ನೆಲ ಕೊಟ್ಟ ಮನೆ.

ಬಾಗಿಲು ತೆರೆಯಿತು. ಕಲ್ಮೆತ್ ಹೊರಗೆ ಬಂದ. ಕೈಯಲ್ಲಿ ಚಹಾದಲ್ಲಿ ಅದ್ದಿದ ಬ್ರೆಡ್ಡಿನ ತುಂಡು.

"ಯಾರ್ರೇ ಸತ್ತಿದ್ದು?" ಅಂದ.

ಅತ್ತೆ ನೆಲದಿಂದಲೇ ತಲೆ ಎತ್ತಿ ನೋಡಿದಳು. "ನೀವೇ ಅಂದ್ಕೊಂಡ್ವಿ, ಯಜಮಾನ್ರೇ."

ಅವನ ಹಿಂದಿನಿಂದ ಫಿಲ್ಮನ್ ಬಂದ. ನೀಲಿ ಟೋಪಿ, ಕೈಯಲ್ಲಿ ಚಹಾದ ಲೋಟ. ಮೇಲಿನ ಕೇರಿಯವರು ಬೇಲಿಯ ಮೇಲೆ ಬಿದ್ದು ಬಿದ್ದು ನಗುತ್ತಿದ್ದರು. ಲೇಮಾಸ್ ಕೂಡ. ಅವಳ ನಗು ನನಗೆ ಚೆನ್ನಾಗಿ ಕೇಳಿಸಿತು. ನೀರಿನಲ್ಲಿ ಎಷ್ಟು ಸಲ ಕೇಳಿದ್ದೆ.

"ಯಾರೂ ಸತ್ತಿಲ್ಲಮ್ಮ. ಸಮುದ್ರ ದಣಿದಿದೆ" ಅಂದ ಫಿಲ್ಮನ್. "ನೀವು ಹೆಂಗಸ್ರು ಬಾಚಿ ಬಾಚಿ ಖಾಲಿ ಮಾಡಿದೀರ. ಅದಕ್ಕೆ ಸ್ವಲ್ಪ ರೆಸ್ಟು. ಇಲಾಖೆ ಕೇಳ್ತು, ಯಜಮಾನ್ರು ಗರಿ ಕಟ್ಟಿದ್ರು."

ನಾನು ಎದ್ದು ನನ್ನ ಉದ್ದ ಅಂಗಿಯ ಮಣ್ಣು ಕೊಡವಿದೆ. "ಬಾಚಿದ್ದು ನಾವಲ್ಲ ಸಾರ್. ನಿಮ್ಮ ಯಂತ್ರ."

"ಅದು ಬೇರೆ ವಿಭಾಗ."

"ಗರಿ ಬಿಚ್ಚೋದು ಯಾವಾಗ?"

"ಇಲಾಖೆ ಹೇಳ್ದಾಗ."

ಬದುಕಿರುವವನಿಗೆ ಅತ್ತದ್ದು ಅಪಶಕುನ ಅಂತ ನಮ್ಮ ಕೇರಿಗೆ ಹಂದಿ ದಂಡ ಹಾಕಿದರು. ಚಾಪೆ ವಾಪಸು ಕೊಡಲಿಲ್ಲ. ಈಗ ಅದು ಯಜಮಾನನ ಜಗುಲಿಯ ಮೇಲಿದೆ. ಫಿಲ್ಮನ್ ಬಂದರೆ ಅದರ ಮೇಲೆ ಕೂರುತ್ತಾನೆ.

ಸಮುದ್ರ ರೆಸ್ಟು ತೆಗೆದುಕೊಳ್ಳುತ್ತಲೇ ಇತ್ತು. ಅಷ್ಟರಲ್ಲಿ ಹಳದಿ ಟೋಪಿ ಬಂತು. ಹಡಗು ಬಂದ ದಿನ ಪ್ರವಾಸಿಗರಿಗೆ ತೋರಿಸಲು ಏನಾದರೂ ಬೇಕಂತೆ. 'ನಿಮ್ಮ ಸಂಪ್ರದಾಯ ತೋರ್ಸೋಣ' ಅಂದ. ಯಾವ ಸಂಪ್ರದಾಯ? ಹೆಂಗಸರು ಹಿಮ್ಮಡಿಯಿಂದ ಚಿಪ್ಪು ಹುಡುಕುವುದು. ನಿಲ್ಲಿಸಿದ್ದನ್ನೇ ತೋರಿಸುವುದು. ಪ್ರವಾಸಿಗರ ಎದುರು ಮಾತ್ರ ತಡೆಗರಿಯನ್ನು ಪಕ್ಕಕ್ಕೆ ಸರಿಸುತ್ತಾರಂತೆ, ಅವರು ಹೋದ ಮೇಲೆ ಮತ್ತೆ ಕಟ್ಟುತ್ತಾರಂತೆ. ಅದಕ್ಕೆ 'ಚಿಪ್ಪಿನ ಕುಣಿತ' ಅಂತ ಹೆಸರಿಟ್ಟ. ನಾವು ಕುಣಿದದ್ದು ಯಾವಾಗ?

ಹೆಂಗಸರನ್ನು ಆರಿಸಲು ದಡದಲ್ಲಿ ಸಾಲು ನಿಲ್ಲಿಸಿದ. ನಾನೂ ಹೋಗಿ ನಿಂತೆ. ಯಾಕೆ ನಿಲ್ಲಬಾರದು? ಲೇಮಾಸ್‌ಗಿಂತ ನನ್ನ ಹಿಮ್ಮಡಿ ಚುರುಕು. ಫಿಲ್ಮನ್ ಮೊದಲು ಮುಖ ನೋಡಿದ, ಆಮೇಲೆ ಸೊಂಟ, ಆಮೇಲೆ ಕಾಲು. ಸಂತೆಯಲ್ಲಿ ಹಂದಿ ಕೊಳ್ಳುವವರು ಹೀಗೇ ನೋಡುತ್ತಾರೆ. ನನ್ನ ಮುಂದೆ ನಿಂತ.

"ಕಾಲೆತ್ತು."

ಎತ್ತಿದೆ. ಹಿಮ್ಮಡಿಯಲ್ಲಿ ಬಿರುಕು. ಹವಳ ಕೊಯ್ದ ಹಳೆಯ ಗಾಯಗಳು ಕಪ್ಪು ಗಂಟುಗಳಾಗಿದ್ದವು.

"ಅಮ್ಮಾ ತಾಯಿ" ಅಂದ, "ಇದನ್ನ ನೋಡಿದ್ರೆ ಅವ್ರು ಹಡಗು ತಿರುಗಿಸ್ಕೊಂಡು ಹೋಗ್ತಾರೆ."

ಎಲ್ಲರೂ ನಕ್ಕರು. ನಾನು ಒಂಟಿಕಾಲಲ್ಲಿ ನಿಂತೇ ಇದ್ದೆ. ಕಾಲು ಇಳಿಸು ಅಂತ ಅವನು ಹೇಳಿರಲಿಲ್ಲ.

ಲೇಮಾಸ್‌ಳನ್ನು ಆರಿಸಿದ. ಮೇಲಿನ ಕೇರಿಯ ಹುಡುಗಿಯರನ್ನೂ ಆರಿಸಿದ. ಬೂದಿಕೇರಿಯಿಂದ ಯಾರೂ ಇಲ್ಲ. ನಾನು ಹೊರಟಾಗ ಕಲ್ಮೆತ್ ಕರೆದ. "ನಿಂಗೂ ಕೆಲ್ಸ ಇದೆ ಕಣೇ ರೊನೆಟ್. ಮುಖ ಸಣ್ಣ ಮಾಡ್ಕೋಬೇಡ."

ಕೆಲಸ ಇದು. ಯಂತ್ರ ಬಗೆದ ಜಾಗದಲ್ಲಿ ಚಿಪ್ಪಿಲ್ಲ. ಕುಣಿಯುವವರು ತುಳಿದರೆ ಏನಾದರೂ ಸಿಗಬೇಕಲ್ಲ? ಅದಕ್ಕೆ ನಾನು ನಮ್ಮ ಕೇರಿಯ ಹಿಂದಿನ ಕಾಂಡ್ಲಾ ಕೆಸರಿನಿಂದ ಚಿಪ್ಪು ತೆಗೆದು ತರಬೇಕು. ಹಡಗು ಲಂಗರು ಹಾಕುವುದಕ್ಕೆ ಮುಂಚೆ ಅವನ್ನು ಮರಳಿನಲ್ಲಿ ಹೂಳಬೇಕು. ಆಮೇಲೆ ಕಣ್ಣಿಗೆ ಕಾಣದ ಹಾಗೆ ಹೋಗಬೇಕು.

"ಮಾಡಲ್ಲ ಅಂದ್ರೆ?" ಅಂತ ಬೊಂಗ್ ಕೇಳಿದ.

"ಮಾಡದಿದ್ರೆ ಬೇಡಪ್ಪ" ಅಂದ ಕಲ್ಮೆತ್. "ನೆಲ ನಂದು. ಕೂತಿರೋರು ನೀವು. ಅಷ್ಟು ನೆನಪಿಟ್ಕೊಂಡ್ರೆ ಸಾಕು."

ಕಾಂಡ್ಲಾ ಕೆಸರು ಅಂದರೆ ತೊಡೆಯವರೆಗೂ ಎಳೆಯುತ್ತದೆ. ಬೇರುಗಳ ಮಧ್ಯೆ ಹೊಟ್ಟೆ ಮೇಲೆ ಮಲಗಿ ಕೈ ಹಾಕಬೇಕು. ಬೇರಿಗೆ ಅಂಟಿದ ಚೂಪು ಚಿಪ್ಪುಗಳು ತೋಳನ್ನು ಸೀಳುತ್ತವೆ. ಸೊಳ್ಳೆ ಕಣ್ಣಿನ ರೆಪ್ಪೆಯ ಮೇಲೆ ಕೂರುತ್ತದೆ, ಹೊಡೆಯಲು ಕೈಗೆ ಬಿಡುವಿರುವುದಿಲ್ಲ. ಮುಖಕ್ಕೆ ಕೊಳೆತ ಮೊಟ್ಟೆಯ ವಾಸನೆ. ಸಮುದ್ರ ಮುಚ್ಚಿದ ಮೇಲೆ ಬೂದಿಕೇರಿಯ ಎಲ್ಲ ಮನೆಗಳ ಪಾತ್ರೆಗೂ ಆ ಕೆಸರೇ ಗತಿ. ಅಲ್ಲಿಂದ ಒಂದು ಬುಟ್ಟಿ ತೆಗೆದರೆ ನಮ್ಮವರ ಬಾಯಿಂದಲೇ ತೆಗೆದ ಹಾಗೆ. ತೆಗೆದೆ. ತಲೆಯ ಮೇಲೆ ಹೊತ್ತೆ. ಬುಟ್ಟಿಯ ನೀರು ಕುತ್ತಿಗೆಯಿಂದ ಬೆನ್ನಿಗೆ, ಬೆನ್ನಿನಿಂದ ಕಾಲಿಗೆ ಸೋರಿತು. ಮರಳಿನಲ್ಲಿ ಮಂಡಿಯೂರಿ ಒಂದೊಂದೇ ಚಿಪ್ಪನ್ನು ಹೆಬ್ಬೆರಳಿನಿಂದ ಒತ್ತಿ ಹೂತೆ. ಮೇಲಿನ ಕೇರಿಯ ಮಕ್ಕಳು, 'ರೊನೆಟತ್ತೆ ಚಿಪ್ಪು ಬಿತ್ತಾಳೆ, ಚಿಪ್ಪಿನ ಗಿಡ ಬೆಳೀತಾಳೆ' ಅಂತ ಹಾಡು ಕಟ್ಟಿದರು.

ಆಮೇಲೆ ಪೊದೆಯ ಹಿಂದೆ ಕೂತೆ.

ದೋಣಿಗಳು ಬಂದವು. ಡೋಲು ಬಡಿದರು. ಲೇಮಾಸ್ ಎಲೆಯ ಲಂಗ ಸುತ್ತಿಕೊಂಡು, ಕೂದಲಿಗೆ ಕೆಂಪು ಹೂ ಸಿಕ್ಕಿಸಿಕೊಂಡು ನೀರಿಗಿಳಿದಳು. ಮೊಣಕಾಲು ಒದ್ದೆಯಾಯಿತು. ಹಿಮ್ಮಡಿ ತಿರುಗಿಸಿದಳು. ಸೊಂಟವನ್ನೂ ತಿರುಗಿಸಿದಳು, ಫಿಲ್ಮನ್ ಹೇಳಿಕೊಟ್ಟಿದ್ದ. ಬಗ್ಗಿ ಚಿಪ್ಪು ಎತ್ತಿದಳು. ಬಿಳಿಯರೆಲ್ಲ 'ಓಹ್' ಅಂದರು. ನನ್ನ ಚಿಪ್ಪು. ಕೆಸರಿನಲ್ಲಿ ನನ್ನ ತೋಳು ಸೀಳಿಸಿಕೊಂಡು ತಂದ ಚಿಪ್ಪು. ಅವಳು ಅದನ್ನು ತಲೆಯ ಮೇಲೆತ್ತಿ ನಕ್ಕಳು. ನನಗೆ ಎದ್ದು ಹೋಗಿ ಅವಳ ಜುಟ್ಟು ಹಿಡಿದು ನೀರಿನಲ್ಲಿ ಅದ್ದಬೇಕು ಅನ್ನಿಸಿತು. ಫಿಲ್ಮನ್‌ನ ಜುಟ್ಟಲ್ಲ, ಕಲ್ಮೆತ್‌ನ ಜುಟ್ಟಲ್ಲ. ಅವಳದು. ಹೊಟ್ಟೆಕಿಚ್ಚು ಮೇಲಿರುವವರ ತನಕ ಹತ್ತುವುದಿಲ್ಲ. ಪಕ್ಕದಲ್ಲಿ ನಿಂತಿದ್ದವಳನ್ನೇ ಸುಡುತ್ತದೆ.

ಆಟ ಮುಗಿದ ಮೇಲೆ ಚಿಪ್ಪುಗಳನ್ನು ಪ್ರವಾಸಿಗರ ಕೈಗೆ ಕೊಟ್ಟರು. ಅವರು ದೋಣಿಯಲ್ಲಿ ಹೋಗಿ ಆಳದ ನೀರಿಗೆ ಹಾಕಿದರು. ಜೀವ ಉಳಿಸಿದರಂತೆ. ಚಪ್ಪಾಳೆ ತಟ್ಟಿಕೊಂಡರು. ಕಾಂಡ್ಲಾ ಚಿಪ್ಪು ಆಳದಲ್ಲಿ ಬದುಕುವುದಿಲ್ಲ. ಆ ದಿನ ನಮ್ಮ ಮನೆಯಲ್ಲಿ ಸಪ್ಪೆ ಗೆಡ್ಡೆ ಬೇಯಿಸಿದೆ.

ಪ್ರತಿ ಹಡಗಿಗೂ ಹೀಗೇ ನಡೆಯಿತು. ಒಂದು ದಿನ ನಲ್ಲಿಯ ಹತ್ತಿರ ಲೇಮಾಸ್ ಸಿಕ್ಕಳು. ಇಬ್ಬರ ಬಕೆಟೂ ತುಂಬಿತು. ಆಮೇಲೆ ಅವಳೇ ಬಾಯಿ ಬಿಟ್ಟಳು.

"ಹೋದ್ಸಲ ಸಣ್ಣ ಸಣ್ಣದೇ ಹಾಕಿದ್ದೆ ಕಣೇ. ನಂಗೆ ನಾಚಿಕೆ ಆಯ್ತು."

"ಹೌದಾ ತಾಯಿ? ಮುಂದಿನ್ಸಲ ತೆಂಗಿನಕಾಯಿ ಹೂಳ್ತೀನಿ ಬಿಡು."

"ನಿಂಗೇನೇ ಕಷ್ಟ?" ಅಂದಳು. ದನಿ ಏರಿತು. "ನಿಂಗಾದ್ರೂ ಕೆಸರಲ್ಲಿ ಸಿಗತ್ತೆ. ತೆಂಗಿನಹಾಲು ಹಾಕಿ ಬೇಯಿಸ್ತೀಯ. ವಾಸನೆ ನಮ್ಮನೆ ತನಕ ಬರತ್ತೆ. ನಂಗೆ ಹೊಟ್ಟೆ ಉರಿಯತ್ತೆ. ನಾನು ಎತ್ತಿದ್ದು ಒಂದೂ ನನ್ನ ಪಾತ್ರೆಗೆ ಬೀಳಲ್ಲ. ನಮ್ಮನೇಲಿ ಮೂರು ಹೊತ್ತೂ ಡಬ್ಬಿ ಮೀನು. ಮೇಲಿನ ಕೇರಿಯವ್ರು ಕಾಂಡ್ಲಾ ಕೆಸರಿಗೆ ಕೈ ಹಾಕಿದ್ರೆ ಮರ್ಯಾದೆ ಹೋಗತ್ತಂತೆ. ದೊಡ್ಡಪ್ಪ ಕಾಲು ಮುರೀತಾನೆ."

ನಾನು ಬಕೆಟ್ ಎತ್ತಿಕೊಂಡೆ. "ಡಬ್ಬಿ ಮೀನು ತಿನ್ನೋ ಕಷ್ಟ ನಂಗೂ ಬರ್ಲಿ" ಅಂದು ಬಂದೆ. ಆದರೆ ದಾರಿಯುದ್ದಕ್ಕೂ ಖುಷಿಯಾಯಿತು. ಅವಳ ಹೊಟ್ಟೆಯೂ ಉರಿಯುತ್ತದೆ. ಉರಿಯಲಿ.

ಮಂತ್ರಿ ಬರುತ್ತಾನೆ ಅಂತ ಸುದ್ದಿ ಬಂತು. ದೊಡ್ಡ ಹಡಗು, ಮಂತ್ರಿ, ಮಂತ್ರಿಯ ಹೆಂಡತಿ. ನನಗೊಂದು ಹುಚ್ಚು ಆಸೆ ಹುಟ್ಟಿತು. ಒಂದೇ ಒಂದು ಸಲ ಆ ಸಾಲಿನಲ್ಲಿ ನಿಲ್ಲಬೇಕು. ನಮ್ಮ ದ್ವೀಪದ ಬೆಂಕಿಬೆಟ್ಟದ ಹಗುರ ಕಲ್ಲು ಅಜ್ಜಿಯ ಕಾಲದ್ದು ಮನೆಯಲ್ಲಿತ್ತು. ಅದರಿಂದ ಹಿಮ್ಮಡಿ ಉಜ್ಜಿದೆ. ಕೊಬ್ಬರಿ ಎಣ್ಣೆ ಹಚ್ಚಿ, ಮತ್ತೆ ಉಜ್ಜಿದೆ. ಗಂಟು ಕಿತ್ತು ರಕ್ತ ಬಂತು. ಮಗಳು, "ಏನಮ್ಮಾ ಮಾಡ್ಕೋತಿದೀಯ?" ಅಂತ ಅಳುವ ದನಿಯಲ್ಲಿ ಕೇಳಿದಳು. ಕಾಲು ತೊಳೀತಿದೀನಿ ಅಂದೆ. ದಿನಾ ಉಜ್ಜಿದೆ. ನಡೆಯುವುದು ಕಷ್ಟವಾಯಿತು. ಆದರೆ ಚರ್ಮ ನಯವಾಯಿತು.

ಹಳದಿ ಟೋಪಿ ಬಂದ ದಿನ ಹೋದೆ. ನನ್ನ ಅತ್ತೆ ತನ್ನ ಸಾವಿಗೆಂದು ಎತ್ತಿಟ್ಟ ಹೊಸ ಅಂಗಿ ತೊಟ್ಟಿದ್ದೆ.

"ಸಾರ್, ನನ್ನ ಕಾಲು ನೋಡಿ."

"ಯಾಕಮ್ಮ?"

"ನೋಡಿ ಸಾರ್. ಮಂತ್ರಿ ಬರೋ ದಿನ ನಾನೂ ನಿಲ್ತೀನಿ. ಚಿಪ್ಪೂ ಹಾಕ್ತೀನಿ, ಕುಣೀತೀನಿ. ಎರಡೂ ಮಾಡ್ತೀನಿ."

ಅವನು ನೋಡಲಿಲ್ಲ. ಮೊಬೈಲು ನೋಡುತ್ತಿದ್ದ. "ಕಾಲಿನ ವಿಷ್ಯ ಅಲ್ಲ ರೊನೆಟ್. ಇದು ಈ ನೆಲದವರ ಸಂಪ್ರದಾಯ. ನೀನು ಹೊರಗಿನವಳು. ನಿನ್ನ ನಿಲ್ಲಿಸಿದ್ರೆ ಪ್ರವಾಸಿಗರಿಗೆ ಸುಳ್ಳು ಹೇಳ್ದಂಗೆ ಆಗತ್ತೆ. ಇಲಾಖೆ ಸುಳ್ಳು ತೋರ್ಸಲ್ಲ."

ನನಗೆ ನಗು ಬರಬೇಕಿತ್ತು. ಬರಲಿಲ್ಲ. ಹಿಮ್ಮಡಿಯ ಹಸಿ ಚರ್ಮಕ್ಕೆ ಮರಳು ಚುಚ್ಚುತ್ತಿತ್ತು.

"ಮಂತ್ರಿಯವರ ಹೆಂಡ್ತೀನೂ ನೀರಿಗಿಳೀತಾರೆ" ಅಂದ ಅವನು. "ಅವರು ನಿಲ್ಲೋ ಜಾಗದಲ್ಲಿ ದೊಡ್ಡದಾಗಿರೋದು ಜಾಸ್ತಿ ಹಾಕು. ಒಂದೇ ತುಳಿತಕ್ಕೆ ಸಿಗ್ಬೇಕು."

ಮಂತ್ರಿ ಬರುವ ದಿನ ಬೆಳಿಗ್ಗೆ ಕೆಸರಿಗೆ ಹೋದೆ. ದೊಡ್ಡದೇ ತೆಗೆದೆ. ಬುಟ್ಟಿ ತುಂಬಿತು. ತಲೆಯ ಮೇಲೆ ಹೊತ್ತು, ಒಂದು ಕೈಯಲ್ಲಿ ನೀರು ತುಂಬಿದ ಮನೆಯ ಕಪ್ಪು ಪಾತ್ರೆ ಹಿಡಿದೆ. ಬೊಂಗ್ ಬಾಗಿಲಲ್ಲಿ ನಿಂತಿದ್ದ. ಪಾತ್ರೆ ನೋಡಿ ಅವನಿಗೆ ಅರ್ಥವಾಯಿತು.

"ಮನೆ ಹೋಗತ್ತೆ ಕಣೇ" ಅಂದ.

"ಹೋಗ್ಲಿ."

"ಎಲ್ಲಿಗೆ ಹೋಗೋದು?"

"ನಂಗೊತ್ತಿಲ್ಲ. ಬೆಂಕಿಪೊಟ್ಟಣ ಕೊಡು."

ಜೇಬಿನಿಂದ ತೆಗೆದುಕೊಟ್ಟ.

ದಡದಲ್ಲಿ ಮಂತ್ರಿಗೆ ಚಪ್ಪರ ಹಾಕಿದ್ದರು. ನಾನು ನೀರಿನ ಕಡೆ ಹೋಗಲಿಲ್ಲ. ಪೊದೆಯ ಹಿಂದೆಯೂ ಹೋಗಲಿಲ್ಲ. ತಡೆಗರಿಯ ಕಂಬದ ಈಚೆ, ಎಲ್ಲರಿಗೂ ಕಾಣುವ ಮರಳಿನ ಮೇಲೆ ಮೂರು ಕಲ್ಲಿಟ್ಟು ಒಲೆ ಹೂಡಿದೆ. ತೆಂಗಿನ ಸಿಪ್ಪೆಗೆ ಬೆಂಕಿ ಹಚ್ಚಿ ಪಾತ್ರೆ ಇಟ್ಟೆ. ದೋಣಿಗಳು ಕಟ್ಟೆಗೆ ತಾಗುತ್ತಿದ್ದವು. ಮಂತ್ರಿ ಇಳಿದ, ಅವನ ಹೆಂಡತಿ ಇಳಿದಳು, ಬಿಳಿಯರು ಇಳಿದರು. ಡೋಲು ಶುರುವಾಯಿತು. ಲೇಮಾಸ್‌ಳ ಸಾಲು ನೀರಿಗಿಳಿಯಿತು.

ಫಿಲ್ಮನ್ ಓಡಿಬಂದ. ಮುಖ ಬೆವರಿತ್ತು. "ಏಯ್, ಹಾಕಿದೀಯಾ?"

"ಇಲ್ಲ."

"ಇನ್ನೂ ಹಾಕಿಲ್ವಾ? ಎದ್ದೇಳು, ಹೋಗು, ಬೇಗ ಹಾಕು!"

"ಹಾಕಲ್ಲ."

"ಏನು?"

"ಹಾಕಲ್ಲ ಸಾರ್. ಇನ್ಮೇಲೆ ಹಾಕಲ್ಲ."

ಅವನು ಬುಟ್ಟಿಗೆ ಕೈ ಹಾಕಿದ. ನಾನು ಬುಟ್ಟಿಯನ್ನು ಎತ್ತಿ ಪೂರ್ತಿ ಪಾತ್ರೆಗೆ ಸುರಿದೆ. ನೀರು ಕುದಿಯುತ್ತಿತ್ತು. ಚಿಪ್ಪುಗಳು ಒಂದೊಂದಾಗಿ ಬಾಯಿ ಬಿಡತೊಡಗಿದವು. ವಾಸನೆ ಎದ್ದಿತು. ಗಾಳಿ ಸಮುದ್ರದ ಕಡೆ ಬೀಸುತ್ತಿತ್ತು.

ನೀರಿನಲ್ಲಿ ಅವರು ತುಳಿದರು, ತುಳಿದರು. ಯಾರೂ ಬಗ್ಗಲಿಲ್ಲ. ಮಂತ್ರಿಯ ಹೆಂಡತಿ ಲಂಗ ಎತ್ತಿಕೊಂಡು ನಗುತ್ತ ತುಳಿದಳು. ಸ್ವಲ್ಪ ಹೊತ್ತಿಗೆ ಅವಳ ನಗು ನಿಂತಿತು. ಡೋಲಿನವನು ಕಲ್ಮೆತ್‌ನ ಮುಖ ನೋಡಿದ, ಕಲ್ಮೆತ್ ಫಿಲ್ಮನ್‌ನ ಮುಖ ನೋಡಿದ.

ಮಂತ್ರಿ ಹೊಗೆ ನೋಡಿ ನನ್ನ ಕಡೆ ಬಂದ. ಬಿಳಿಯರೂ ಫೋಟೋ ತೆಗೆಯುತ್ತ ಹಿಂದೆ ಬಂದರು. "ಏನಿದು ಫಿಲ್ಮನ್?"

"ಅಡುಗೆ ಪ್ರದರ್ಶನ ಸಾರ್" ಅಂದ ಅವನು. ನಾಲಿಗೆ ತಡವರಿಸಿತು. "ಸಾಂಪ್ರದಾಯಿಕ."

"ಭೇಷ್, ಭೇಷ್" ಅಂದ ಮಂತ್ರಿ. ಬಗ್ಗಿ ಪಾತ್ರೆಗೆ ಕೈ ಚಾಚಿದ.

ನಾನು ಪಾತ್ರೆಯನ್ನು ನನ್ನ ಕಡೆಗೆ ಎಳೆದುಕೊಂಡೆ. ಬಿಸಿ ಅಂಚು ಕೈ ಸುಟ್ಟಿತು. "ಪ್ರದರ್ಶನ ಅಲ್ಲ ಸ್ವಾಮಿ. ನನ್ನ ಊಟ. ನಿಮಗಿಲ್ಲ."

ಮಂತ್ರಿ ಕೈ ಹಿಂದಕ್ಕೆ ತೆಗೆದುಕೊಂಡ. ಆಗ ಫಿಲ್ಮನ್ ಒದ್ದ. ಪಾತ್ರೆ ಉರುಳಿತು. ಬಿಸಿನೀರು ನನ್ನ ಪಾದದ ಮೇಲೆ ಹರಿಯಿತು. ನಾನು ಉಜ್ಜಿ ಉಜ್ಜಿ ತೆಳುವಾಗಿಸಿದ್ದ ಪಾದ. ಹಲ್ಲು ಕಚ್ಚಿದೆ. ಚಿಪ್ಪುಗಳೆಲ್ಲ ಮರಳಿನಲ್ಲಿ ಚೆಲ್ಲಿದವು.

ನೀರಿನಿಂದ ಲೇಮಾಸ್ ಬಂದಳು. ಎಲೆಯ ಲಂಗದಿಂದ ನೀರು ತೊಟ್ಟಿಕ್ಕುತ್ತಿತ್ತು. ನನ್ನ ಎದುರು ಕುಕ್ಕರಿಸಿದಳು. ಮರಳಿನಿಂದ ಒಂದು ಚಿಪ್ಪು ಎತ್ತಿ, ಊದಿ, ಮಾಂಸ ಎಳೆದು ಬಾಯಿಗೆ ಹಾಕಿಕೊಂಡಳು. ಫಿಲ್ಮನ್‌ನ ಮುಖವನ್ನೇ ನೋಡುತ್ತ ಅಗಿದಳು. ಇನ್ನೊಂದು ಎತ್ತಿದಳು.

"ಏಯ್ ಲೇಮಾಸ್, ಹೋಗು ಸಾಲಿಗೆ!" ಅಂದ ಕಲ್ಮೆತ್.

"ಹಸಿವಾಗಿದೆ ದೊಡ್ಡಪ್ಪಾ" ಅಂದಳು. ಆಮೇಲೆ ನನ್ನ ಕಡೆ ತಿರುಗಿ, "ತೆಂಗಿನಹಾಲು ತರ್ಬಾರ್ದಿತ್ತೇನೇ?" ಅಂದಳು.

"ನಿಂಗೋಸ್ಕರ ಬೇಯಿಸಿದ್ದಲ್ಲ" ಅಂದೆ.

ಫಿಲ್ಮನ್ ಅವಳನ್ನು ಒದೆಯಲಿಲ್ಲ. ಕೈ ಕೂಡ ಎತ್ತಲಿಲ್ಲ. ಯಜಮಾನನ ತಮ್ಮನ ಮಗಳು. ನನ್ನ ಪಾದದಲ್ಲಿ ಬೊಬ್ಬೆ ಏಳುತ್ತಿತ್ತು, ಅವಳು ಒಂದಾದ ಮೇಲೊಂದು ತಿನ್ನುತ್ತಿದ್ದಳು. ನನಗಾಗಿ ಎದ್ದು ಬಂದವಳು ಅಂತ ಗೊತ್ತಿತ್ತು. ಆದರೂ ನನ್ನ ಹೊಟ್ಟೆ ಉರಿಯಿತು. ಎದುರು ನಿಲ್ಲುವುದು ಕೂಡ ಅವಳಿಗೆ ಎಷ್ಟು ಸಲೀಸು!

ನಾನು ಎದ್ದೆ. ಖಾಲಿ ಬುಟ್ಟಿ ಕೈಗೆ ತೆಗೆದುಕೊಂಡೆ. ಅಂಗಿಯನ್ನು ಎತ್ತಿ ಸೊಂಟಕ್ಕೆ ಸಿಕ್ಕಿಸಿದೆ. ತಡೆಗರಿಯ ಕಂಬ ದಾಟಿದೆ. ಗರಿ ಸರಿಸಿದ್ದು ಕುಣಿಯುವವರಿಗೆ, ನನಗಲ್ಲ. ಹಿಂದೆ ಯಾರೋ ಹೆಂಗಸು, "ಅಯ್ಯೋ, ದಾಟಿದ್ಲು" ಅಂದಳು. ಸುಟ್ಟ ಪಾದಕ್ಕೆ ಉಪ್ಪುನೀರು ತಾಗಿ ಕಣ್ಣಿಗೆ ಕತ್ತಲೆ ಬಂತು. ನಿಲ್ಲಲಿಲ್ಲ. ಮಂತ್ರಿಯ ಹೆಂಡತಿ ಪಕ್ಕಕ್ಕೆ ಸರಿದಳು. ಸಾಲಿನಲ್ಲಿ ಲೇಮಾಸ್ ಬಿಟ್ಟುಬಂದ ಜಾಗ ಖಾಲಿ ಇತ್ತು. ಅಲ್ಲಿ ಹೋಗಿ ನಿಂತೆ. ಮೊಣಕಾಲು ಒದ್ದೆಯಾಯಿತು.

"ಹೊರಗೆ ಬಾರೇ!" ಅಂತ ಫಿಲ್ಮನ್ ಕೂಗಿದ. ಶೂ ಹಾಕಿದ್ದ. ನೀರಿನ ಅಂಚಿನಲ್ಲಿ ಮುಂದೆ ಹಿಂದೆ ಓಡಾಡಿದ. "ಪೊಲೀಸ್ ಕರೀತೀನಿ! ನಿನ್ನ ಕೇರಿ ಖಾಲಿ ಮಾಡಿಸ್ತೀನಿ! ಕೇಳಿಸ್ತಾ?"

ಕೇಳಿಸಿತು. ಮರಳಿನಲ್ಲಿ ಹಿಮ್ಮಡಿ ಊರಿ ತಿರುಗಿಸಿದೆ. ಏನೂ ತಾಗಲಿಲ್ಲ. ಒಂದು ಹೆಜ್ಜೆ ಮುಂದೆ ಹೋಗಿ ಮತ್ತೆ ತಿರುಗಿಸಿದೆ.